ನಾಲ್ಕನೇ ಡಿವಿಷನ್ನಿನ ನಾರ್ಮನ್

ಒದ್ದೆ ಬೂಟನ್ನು ಬಿಸಿಗಾಳಿ ಬರುವ ಜಾಲರಿಯ ಮೇಲೆ ಒಣಗಲು ಇಡುವವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ. ಮೊನ್ನೆ ನಮ್ಮ ಮೊಮ್ಮಗ ಸಾಕರ್ ಆಡಿ ಬಂದವನು ಅದನ್ನೇ ಮಾಡಿದ. ನಾನು ಎದ್ದು ಹೋಗಿ ಬೂಟು ಎತ್ತಿಕೊಂಡು, ಪೇಪರನ್ನು ಉಂಡೆ ಮಾಡಿ ಒಳಗೆ ತುರುಕಿ, ಗ್ಯಾರೇಜಿನಲ್ಲಿಟ್ಟು ಬಂದೆ. "ತಾತಾ, ದೇ ಆರ್ ಜಸ್ಟ್ ಶೂಸ್" ಎಂದ. ಬಿಸಿಗೆ ಚರ್ಮ ಬಿರುಕು ಬಿಡುತ್ತೆ ಕಣೋ ಎಂದೆ. ಈಗಿನ ಬೂಟಿನಲ್ಲಿ ಚರ್ಮವೇ ಇರುವುದಿಲ್ಲ ಎಂದು ಇಂಗ್ಲಿಷಿನಲ್ಲಿ ನನಗೆ ತಿಳಿಯ ಹೇಳಿದ. ಅದಕ್ಕೂ ಸಿಟ್ಟು ಬಂತು. ನಮ್ಮ ಮನೆಗೆ ಪೇಪರು ಬರುವುದು ನಿಂತು ಎಷ್ಟೋ ವರ್ಷವಾಯಿತು. ಬೂಟಿಗೆ ತುರುಕಲೆಂದೇ ನಾನು ಅಂಗಡಿ ಬಾಗಿಲಲ್ಲಿ ಇಟ್ಟಿರುವ ಪುಕ್ಕಟೆ ಜಾಹೀರಾತು ಪತ್ರಿಕೆಗಳನ್ನು ಎತ್ತಿಕೊಂಡು ಬರುತ್ತೇನೆಂದು ನನ್ನ ಹೆಂಡತಿ ಪದ್ಮ ಬಂದವರಿಗೆಲ್ಲ ಹೇಳಿಕೊಂಡು ನಗುತ್ತಾಳೆ.

ಸಿಟ್ಟು ಮಾಡಿಕೊಳ್ಳಬೇಡಿ, ಬೀಪಿ ಏರುತ್ತದೆ ಎಂದು ಡಾಕ್ಟರು ಹೇಳಿದ್ದಾರೆ. ನಾನು ಮಾತ್ರೆ ನುಂಗಿ ಸಿಟ್ಟು ಮಾಡಿಕೊಳ್ಳುತ್ತೇನೆ. ಈ ಬೂಟಿನ ವಿಷಯದ ಸಿಟ್ಟಂತೂ ನಲವತ್ತು ವರ್ಷಕ್ಕೂ ಹಳೆಯದು. ಇಂಥ ಹಳೇ ಸಿಟ್ಟು ಇಳಿಯುವುದಿಲ್ಲ, ಒಂದು ಕಡೆಯಿಂದ ಇನ್ನೊಂದು ಕಡೆಗೆ ಹೋಗಿ ಕೂರುತ್ತದೆ, ಅಷ್ಟೆ.

ಬೂಟಿನ ವಿದ್ಯೆ ನನಗೆ ಕಲಿಸಿದವನು ನಾರ್ಮನ್. ನೀವು ಅವನ ಹೆಸರು ಕೇಳಿರುವುದಿಲ್ಲ. ಇಂಗ್ಲೆಂಡಿನ ವೃತ್ತಿ ಫುಟ್‌ಬಾಲಿನಲ್ಲಿ ಆಗ ನಾಲ್ಕು ಡಿವಿಷನ್ನುಗಳು, ಒಂದರ ಕೆಳಗೆ ಒಂದು. ನಾರ್ಮನ್ ಆಡಿದ್ದೆಲ್ಲ ಮೂರನೆಯದರಲ್ಲಿ ಮತ್ತು ನಾಲ್ಕನೆಯದರಲ್ಲಿ, ಹೆಚ್ಚಾಗಿ ನಾಲ್ಕನೆಯದರಲ್ಲಿ.

ಎಪ್ಪತ್ತರ ದಶಕ ಮುಗಿಯಲು ಇನ್ನೆರಡು ಮೂರು ವರ್ಷ ಇತ್ತು. ನಾವು ಡೆಟ್ರಾಯಿಟ್ ಪಕ್ಕದ ವಾರೆನ್‌ನಲ್ಲಿ ಒಂದು ಅಪಾರ್ಟ್‌ಮೆಂಟಿನಲ್ಲಿದ್ದೆವು. ನನಗೆ ಕಾರು ತಯಾರಿಸುವ ಕಡೆ ಕೆಲಸ. ಚಕ್ರದ ಹತ್ತಿರದ ಕೀಲುಗಳನ್ನು ಯಂತ್ರಕ್ಕೆ ಸಿಕ್ಕಿಸಿ, ಮುರಿಯುವವರೆಗೆ ಅಲುಗಾಡಿಸಿ, ಎಷ್ಟು ಸಲಕ್ಕೆ ಮುರಿಯಿತು ಎಂದು ಬರೆದಿಡಬೇಕು. ಊರಿಗೆ ಕಾಗದ ಬರೆಯುವಾಗ ಮಾತ್ರ 'ರಿಸರ್ಚ್ ಮಾಡುತ್ತಿದ್ದೇನೆ' ಎಂದು ಬರೆಯುತ್ತಿದ್ದೆ.

ಏಪ್ರಿಲಿನ ಒಂದು ಶನಿವಾರ. ಹಿಮ ಕರಗಿ ಪಾರ್ಕಿಂಗ್ ಲಾಟೆಲ್ಲ ಕೆಸರು. ನೆಂದ ಆಫೀಸು ಶೂಗಳನ್ನು ಬೇಸ್‌ಮೆಂಟಿನ ಲಾಂಡ್ರಿ ರೂಮಿಗೆ ತಂದು, ಬಿಸಿಯಾಗಿ ಓಡುತ್ತಿದ್ದ ಡ್ರೈಯರಿನ ಮೇಲಿಟ್ಟು ಬಟ್ಟೆ ಮಡಿಸುತ್ತಿದ್ದೆ. ಕೆಂಚು ಮೀಸೆಯ, ಗಿಡ್ಡನೆಯ ಬಿಳಿಯನೊಬ್ಬ ಬಂದವನೇ ಒಂದು ಮಾತೂ ಕೇಳದೆ ಶೂಗಳನ್ನು ಎತ್ತಿ ನೆಲದ ಮೇಲಿಟ್ಟ.

"ಯಾರು ಹೇಳ್ಕೊಟ್ಟಿದ್ದು ನಿಂಗೆ ಇದನ್ನ? ಬೇಯಿಸ್ತಾ ಇದೀಯಲ್ಲ ಪಾಪ ಅವನ್ನ" ಎಂದ. ಅವನ ಇಂಗ್ಲಿಷನ್ನು ನಾನು ನನ್ನ ಕನ್ನಡದಲ್ಲೇ ಹೇಳುತ್ತಿದ್ದೇನೆ. ಅವತ್ತು ಅದರಲ್ಲಿ ಅರ್ಧ ನನಗೆ ತಿಳಿಯಲೂ ಇಲ್ಲ. ನನಗೆ ಭಾರಿ ಕೋಪ ಬಂತು. ಅವನು ಅಲ್ಲೇ ಕೂತು, ಪೇಪರು ಹರಿದು, ಬೆರಳ ತುದಿಯವರೆಗೆ ಹೇಗೆ ತುಂಬಬೇಕು ಎಂದು ಮಾಡಿ ತೋರಿಸಿದ. ಅಷ್ಟು ಶ್ರದ್ಧೆಯಿಂದ ನನ್ನ ಶೂ ಮುಟ್ಟಿದವರು ಅದುವರೆಗೆ ಯಾರೂ ಇರಲಿಲ್ಲ, ನಾನೂ ಸೇರಿ. ಕೋಪವನ್ನು ಹೇಗೆ ಮುಂದುವರಿಸುವುದೋ ತಿಳಿಯಲಿಲ್ಲ.

ಆಗ ಅಮೆರಿಕದಲ್ಲಿ ಬೇಸಿಗೆ ಫುಟ್‌ಬಾಲಿನ ಒಂದು ಹೊಸ ಅಮಲು. ದೊಡ್ಡ ಹೆಸರಿನ ನಾಲ್ಕೈದು ಮಂದಿಯನ್ನು ಪೋಸ್ಟರಿಗೆಂದು ತರಿಸಿಕೊಂಡು, ಮಿಕ್ಕ ಜಾಗ ತುಂಬಿಸಲು ಇಂಗ್ಲೆಂಡಿನ ಕೆಳಗಿನ ಡಿವಿಷನ್ನುಗಳಿಂದ ಆಟಗಾರರನ್ನು ಕರೆಸುತ್ತಿದ್ದರು. ನಾರ್ಮನ್ ಜಾಗ ತುಂಬಿಸಲು ಬಂದವನು. ಎರಡು ಸೀಸನ್ನಿನ ಕರಾರು. ಒಬ್ಬಂಟಿ. ಒಂದು ತಿಂಗಳಲ್ಲಿ ಅವನು ನಮ್ಮ ಮನೆಯ ಚಿತ್ರಾನ್ನಕ್ಕೆ ಒಗ್ಗಿದ. ಎಂಟು ವರ್ಷದ ನಮ್ಮ ಮಗಳು ವೀಣಾ ಅವನನ್ನು ನಾರ್ಮನ್ ಅಂಕಲ್ ಎನ್ನುತ್ತಿದ್ದಳು. ಸೀನು ಎಂಬ ನನ್ನ ಹೆಸರು ಅವನ ಬಾಯಲ್ಲಿ ಸೀನ್ ಆಯಿತು. ಸಂಜೆ ಅಪಾರ್ಟ್‌ಮೆಂಟಿನ ಹಿಂದಿನ ಹುಲ್ಲಿನ ಮೇಲೆ ಅಲ್ಲಿನ ಮಕ್ಕಳನ್ನೆಲ್ಲ ಸೇರಿಸಿಕೊಂಡು ಬರೀ ಎಡಗಾಲಲ್ಲಿ ಒದೆಯುವುದನ್ನು ಕಲಿಸುತ್ತಿದ್ದ. "ಈ ದೇಶದಲ್ಲಿ ಮಕ್ಕಳಿಗೆ ಎಡಗಾಲು ಇದೆ ಅಂತ ಯಾರೂ ಹೇಳೇ ಇಲ್ಲ ಸೀನ್" ಎಂದು ಬೇಸರಪಡುತ್ತಿದ್ದ.

ತನ್ನ ಕತೆಯನ್ನು ಅವನು ಹೇಳುವುದೇ ಒಂದು ಚಂದ. ಹದಿನೈದಕ್ಕೆ ಸ್ಕೂಲು ಬಿಟ್ಟು ಊರಿನ ಕ್ಲಬ್ಬಿಗೆ ಸೇರಿದ. ಮೊದಲೆರಡು ವರ್ಷ ಹಿರಿಯ ಆಟಗಾರರ ಬೂಟು ತೊಳೆಯುವುದು, ಪೇಪರು ತುಂಬುವುದು, ಜನ ನಿಂತು ಆಟ ನೋಡುವ ಮೆಟ್ಟಿಲು ಗುಡಿಸುವುದು. ಆಮೇಲೆ ಗೋಲಿನ ಎಡಬದಿ ಕಾಯುವ ಲೆಫ್ಟ್ ಬ್ಯಾಕ್. ಆ ಕ್ಲಬ್ಬು, ಅಲ್ಲಿಂದ ಇನ್ನೊಂದು, ಅಲ್ಲಿಂದ ಮತ್ತೊಂದು. ನಾಲ್ಕನೇ ಡಿವಿಷನ್ನಿನ ತಳದಲ್ಲಿ ಉಳಿದ ನಾಲ್ಕು ತಂಡಗಳು ವರ್ಷದ ಕೊನೆಗೆ ಮಿಕ್ಕ ಕ್ಲಬ್ಬುಗಳ ಮುಂದೆ ಕೈಕಟ್ಟಿ ನಿಂತು, ನಮ್ಮನ್ನು ಇನ್ನೊಂದು ವರ್ಷ ಇಟ್ಟುಕೊಳ್ಳಿ ಎಂದು ಓಟು ಕೇಳಬೇಕಂತೆ. ನಾರ್ಮನ್ನನ ಕ್ಲಬ್ಬು ಮೂರು ಸಲ ಹಾಗೆ ಕೇಳಿತ್ತು. ನಮ್ಮ ಕಡೆಯವರು ಮಗನಿಗೆ ರ‍್ಯಾಂಕ್ ಬಂದದ್ದನ್ನು ಹೇಳುವ ದನಿಯಲ್ಲಿ ಅವನು ಅದನ್ನು ಹೇಳುತ್ತಿದ್ದ.

ನನಗೆ ಕೇಳುವಾಗ ಕಸಿವಿಸಿ. ಅದಕ್ಕೆ ಕಾರಣ ಹೇಳಬೇಕಾದರೆ ನಮ್ಮ ತಂದೆಯ ವಿಷಯಕ್ಕೆ ಹೋಗಬೇಕು. ಮೈಸೂರಿನ ನಮ್ಮ ಮನೆಯಲ್ಲಿ ಒಂದು ಟ್ರಂಕು ಇತ್ತು. ಅದರ ತುಂಬ ಸರ್ಟಿಫಿಕೇಟುಗಳು, ಪ್ರತಿಯೊಂದಕ್ಕೂ ಗೆಜೆಟೆಡ್ ಆಫೀಸರ ಸೀಲು ಹಾಕಿಸಿದ ಮೂರು ಮೂರು ನಕಲುಗಳು. ತಂದೆ ಕಚೇರಿಯಲ್ಲಿ ಗುಮಾಸ್ತರು. ಮಕ್ಕಳಿಗೆ ಬೇಸಿಗೆ ರಜೆ ಎಂಬುದು ಇರಬಾರದೆಂದು ಅವರ ಸಿದ್ಧಾಂತ. ಒಂದು ರಜೆಯಲ್ಲಿ ಹಿಂದಿ ಪ್ರಥಮ, ಇನ್ನೊಂದರಲ್ಲಿ ಹಿಂದಿ ಮಧ್ಯಮ, ಮತ್ತೊಂದರಲ್ಲಿ ಟೈಪಿಂಗ್ ಲೋಯರ್. ಎನ್‌ಸಿಸಿ, ಸ್ಕೌಟು, ಪ್ರಥಮ ಚಿಕಿತ್ಸೆ, ಎಲ್ಲದಕ್ಕೂ ಒಂದೊಂದು ಕಾಗದ. ಓಣಿಯಲ್ಲಿ ಬರಿಗಾಲಲ್ಲಿ ಚೆಂಡು ಒದ್ದದ್ದಕ್ಕೆ ಮಾತ್ರ ಕಾಗದ ಇರಲಿಲ್ಲ, ಬೆನ್ನಿಗೆ ಏಟು ಇತ್ತು.

ಇಷ್ಟೆಲ್ಲ ಮಾಡಿಯೂ ನನಗೆ ಎಂಜಿನಿಯರಿಂಗ್‌ನಲ್ಲಿ ಬಂದದ್ದು ಸೆಕೆಂಡ್ ಕ್ಲಾಸು. ಮನೆಗೆ ಬಂದವರು "ಮಗ ಏನ್ ಮಾಡಿದಾನೆ ಸ್ವಾಮಿ?" ಎಂದರೆ ತಂದೆ "ಬಿ.ಇ. ಮುಗಿಸಿದ" ಎನ್ನುವರು. "ಯಾವ ಕ್ಲಾಸು?" ಎಂದ ತಕ್ಷಣ "ಕಾಫಿ ತಗೊಳ್ತೀರಲ್ಲ?" ಎಂದು ಎದ್ದು ಒಳಗೆ ಹೋಗುವರು. ನಮ್ಮ ಮನೆಯಲ್ಲಿ ಆ ವರ್ಷ ಖರ್ಚಾದಷ್ಟು ಕಾಫಿಪುಡಿ ಯಾವ ವರ್ಷವೂ ಖರ್ಚಾಗಿರಲಿಕ್ಕಿಲ್ಲ. ಕೆಳಗಿನದನ್ನು ಕಾಣಿಸಬಾರದು ಎಂಬ ಪಾಠ ನನಗೆ ಯಾವ ಸ್ಕೂಲಿನಲ್ಲೂ ಆಗಲಿಲ್ಲ, ಆ ಕಾಫಿಯಲ್ಲೇ ಆಯಿತು.

ಒಂದು ಭಾನುವಾರ ವೆಸ್ಟ್ ಬ್ಲೂಮ್‌ಫೀಲ್ಡಿನ ಡಾಕ್ಟರ್ ಪಾಟೀಲರ ಮನೆಗೆ ಊಟಕ್ಕೆ ಹೋದಾಗ ನಾರ್ಮನ್ನನನ್ನೂ ಕರೆದುಕೊಂಡು ಹೋದೆವು. ಪಾಟೀಲರು ಧಾರವಾಡದ ಕಡೆಯವರು, ಮೂಳೆ ಡಾಕ್ಟರು, ಬಾಯಿಗೆ ಬಾಗಿಲಿಲ್ಲ. ಇಂಗ್ಲೆಂಡಿನ ಆಟಗಾರ ಎಂದು ಕೇಳಿದ್ದೇ ಯಾವ ಡಿವಿಷನ್, ಎಷ್ಟನೇ ನಂಬರು ಎಂದು ಶುರುಮಾಡಿದರು. ನಾರ್ಮನ್ ಹೆಮ್ಮೆಯಿಂದ, ನಾಲ್ಕನೆಯದು, ಕೊನೆಯ ವರ್ಷ ಕಟ್ಟಕಡೆಯ ಸ್ಥಾನ ಎಂದ.

"ಏನಪಾ ಸೀನು, ಕಡೇ ನಂಬರಂತ. ಹಂಗಿದ್ರೂ ಮಂದಿ ನೋಡಾಕ ಬರ್ತಿದ್ರೇನು, ಕೇಳು ಅವಂಗ" ಎಂದರು ಪಾಟೀಲರು. ನಾನು ಇಂಗ್ಲಿಷಿನಲ್ಲಿ ಕೇಳಿದೆ.

"ಬರ್ತಿದ್ರು. ಅದೇ ಜನ, ಪ್ರತಿ ವಾರ, ಮಳೇಲಿ ನೆನ್ಕೊಂಡು ಬಂದು ನಂಗೆ ಬೈತಿದ್ರು" ಎಂದ ನಾರ್ಮನ್.

ಪಾಟೀಲರು ತೊಡೆ ತಟ್ಟಿಕೊಂಡು ನಕ್ಕರು. ಅವರಿಗೆ ನಾರ್ಮನ್ ಆ ಕ್ಷಣಕ್ಕೆ ಪ್ರಾಣಸ್ನೇಹಿತನಾದ. ನಾನೊಬ್ಬ ಮಾತ್ರ ಎದ್ದು, "ಪದ್ಮ, ಎಲ್ಲಾರ್ಗೂ ಕಾಫಿ ಕೊಡ್ತೀಯಾ?" ಎಂದೆ. ಇನ್ನೂ ಊಟವೇ ಆಗಿರಲಿಲ್ಲ, ಮನೆಯೂ ನಮ್ಮದಲ್ಲ.

ಮಾರನೇ ವರ್ಷದ ಜುಲೈಯಲ್ಲಿ ಅವರ ತಂಡದ ಮ್ಯಾಚು ಷಿಕಾಗೋದಲ್ಲಿತ್ತು. ಪಕ್ಕದ ಗ್ಲೆಂಡೇಲ್ ಹೈಟ್ಸ್‌ನಲ್ಲಿ ಪದ್ಮಳ ದೊಡ್ಡಮ್ಮನ ಮಗನ ಮನೆ. ಅಲ್ಲಿ ಉಳಿದುಕೊಂಡರಾಯಿತೆಂದು ಹೊರಟು, ಐದು ಗಂಟೆ ಡ್ರೈವ್ ಮಾಡಿ, ಸ್ಟೇಡಿಯಮ್ಮಿನ ಪಾರ್ಕಿಂಗಿನಲ್ಲಿ ಪುಳಿಯೋಗರೆ ತಿಂದು ಒಳಗೆ ಹೋದೆವು. ತೊಂಬತ್ತೈದು ಡಿಗ್ರಿ ಫ್ಯಾರನ್‌ಹೀಟ್ ಸೆಕೆ. ಕಾಂಕ್ರೀಟಿನ ಮೇಲೆ ಹಾಸಿದ ಪ್ಲಾಸ್ಟಿಕ್ ಹುಲ್ಲು, ಅದರಿಂದ ಏಳುವ ಝಳ ನಮ್ಮ ಸೀಟಿನವರೆಗೂ ಬರುತ್ತಿತ್ತು. ಕುರ್ಚಿಗಳೆಲ್ಲ ಖಾಲಿ. ಮೈಕಿನವನು ಮಾತ್ರ ಲಕ್ಷ ಜನರಿಗೆ ಹೇಳುವಂತೆ, ಚೆಂಡನ್ನು ಕೈಯಲ್ಲಿ ಮುಟ್ಟಬಾರದು ಎಂದು ವಿವರಿಸುತ್ತಿದ್ದ. ಮೊದಲ ಅರ್ಧದ ಕೊನೆಗೆ ನಾರ್ಮನ್ ಬಿದ್ದ. ಕುಂಟುತ್ತ, ಒಬ್ಬನ ಹೆಗಲು ಹಿಡಿದು ಒಳಗೆ ಹೋದ. ಹದಿನೈದು ನಿಮಿಷ ಬಿಟ್ಟು ಏನೂ ಆಗದವನಂತೆ ಓಡಿಕೊಂಡು ಬಂದ. ವೀಣಾ ಚಪ್ಪಾಳೆ ತಟ್ಟಿದಳು. ನಾನೂ ತಟ್ಟಿದೆ.

ಆಟ ಮುಗಿದ ಮೇಲೆ ಬಸ್ಸಿನ ಹತ್ತಿರ ಸಿಕ್ಕಿದ. ಪ್ಯಾಂಟು ಎತ್ತಿ ತೋರಿಸಿದ. ಬಲ ಮೊಣಕಾಲು ಊದಿ ಆಕಾರವೇ ಇರಲಿಲ್ಲ.

"ಸೂಜಿ ಚುಚ್ತಾರೆ. ಮ್ಯಾಚಿಗೆ ಮುಂಚೆ ಒಂದು, ಮಧ್ಯೆ ಒಂದು. ಒಂದು ಗಂಟೆ ನೋವೇ ಗೊತ್ತಾಗಲ್ಲ" ಎಂದ.

"ಬೇಡ ಅನ್ನಬೇಕಪ್ಪ ನೀನು."

"ಅಂದ್ರೆ ಮುಂದಿನ ವಾರ ಗೋಡೆ ಮೇಲಿನ ಹಾಳೇಲಿ ನನ್ನ ಹೆಸರಿರಲ್ಲ."

ಅದು ಅವರ ಪದ್ಧತಿ. ಯಾರು ಆಡುತ್ತಾರೆ ಎಂಬ ಪಟ್ಟಿಯನ್ನು ಮ್ಯಾನೇಜರು ಗೋಡೆಗೆ ಅಂಟಿಸುತ್ತಾನೆ. ಹೆಸರು ಬಿಟ್ಟುಹೋದವನಿಗೆ ಯಾರೂ ಏನೂ ಹೇಳುವುದಿಲ್ಲ. ಅವನೇ ಹೋಗಿ ಓದಿ ತಿಳಿದುಕೊಳ್ಳಬೇಕು. ಹದಿನೈದರಿಂದ ಆಡಿದರೂ, ಒಬ್ಬನೇ ಒಬ್ಬ ಮ್ಯಾನೇಜರು 'ಈ ವಾರ ನೀನಿಲ್ಲ' ಎಂದು ತನ್ನ ಮುಖ ನೋಡಿ ಹೇಳಿಲ್ಲ ಎಂದ ನಾರ್ಮನ್.

ವಾಪಸು ಬರುವ ದಾರಿಯುದ್ದಕ್ಕೂ ನಾನು ಸ್ಟಿಯರಿಂಗ್ ಗುದ್ದಿಕೊಂಡು ಕೂಗಾಡಿದೆ. ನಾವು ಒಂದು ಕಬ್ಬಿಣದ ಕೀಲು ಮುರಿದರೂ ಯಾಕೆ ಮುರಿಯಿತು ಎಂದು ನಾಲ್ಕು ಪುಟ ಬರೆಯುತ್ತೇವೆ, ಈ ಬೇವರ್ಸಿಗಳು ಒಬ್ಬ ಮನುಷ್ಯನ ಮೊಣಕಾಲು ಮುರಿದು ಒಂದು ಸಾಲೂ ಬರೆಯುವುದಿಲ್ಲ ಎಂದೆ. ಆ ತಂಡದ ಮಾಲೀಕನಿಗೂ ಮ್ಯಾನೇಜರಿಗೂ ಸೂಜಿ ಚುಚ್ಚಿದವನಿಗೂ ಮೈಸೂರಿನ ಬೈಗುಳಗಳನ್ನೆಲ್ಲ ಬೈದೆ. "ಆಯ್ತುರೀ, ಎಕ್ಸಿಟ್ ಹಿಂದೇನೇ ಹೋಯ್ತು ನೋಡಿ" ಎಂದಳು ಪದ್ಮ. ಬೇರೆಯವರ ಮೇಲಿನ ಸಿಟ್ಟು ಎಷ್ಟು ಹಿತವಾಗಿರುತ್ತದೆ ಎಂದು ನಿಮಗೂ ಗೊತ್ತು. ನನಗೆ ಅವತ್ತು ಹಸಿವೂ ಆಗಲಿಲ್ಲ, ಆಯಾಸವೂ ಆಗಲಿಲ್ಲ.

ಪಾಟೀಲರು ಕಾಲು ನೋಡಿ, ನಗದೆ, "ಇನ್ನೊಂದು ಸೀಸನ್ ಆಡಿದ್ರ ಬಡಿಗಿ ಹಿಡಕೊಂಡ ಅಡ್ಡಾಡಬೇಕಾಗ್ತದ, ಹೇಳು ಅವಂಗ" ಎಂದರು. ಆ ಪ್ರಶ್ನೆ ಏಳಲೇ ಇಲ್ಲ. ಸೀಸನ್ ಮುಗಿದ ವಾರ ಮುಂದಿನ ವರ್ಷಕ್ಕೆ ಇರುವವರ ಹಾಳೆ ಗೋಡೆಗೆ ಬಂತು. ನಾರ್ಮನ್ ಹೋಗಿ ಓದಿಕೊಂಡು ಬಂದ.

ಡಿಸೆಂಬರಿಗೆ ಅವನ ವೀಸಾ ಮುಗಿಯುತ್ತಿತ್ತು. ಅವನಿಗೆ ಇಲ್ಲೇ ಉಳಿಯುವ ಆಸೆ. ಊರಿಗೆ ಹೋದರೆ ಅಪ್ಪ ಅಣ್ಣ ಎಲ್ಲ ಸೇರಿದ ಅದೇ ಗಿರಣಿ, ಅದೂ ಆ ಕಾಲಿನಲ್ಲಿ. ಮಕ್ಕಳಿಗೆ ಕಲಿಸುವುದೊಂದೇ ಇನ್ನು ತನ್ನಿಂದ ಆಗುವ ಕೆಲಸ, ಅದನ್ನು ಈ ದೇಶದಲ್ಲಿ ಬಿಟ್ಟು ಇನ್ನೆಲ್ಲಿ ಮಾಡಲಿ ಎನ್ನುತ್ತಿದ್ದ. ಅಷ್ಟರಲ್ಲಿ ಹತ್ತಿರದ ಒಂದು ಕಾಲೇಜಿನವರು ಸಾಕರ್ ಕೋಚ್ ಬೇಕೆಂದು ಪೇಪರಿನಲ್ಲಿ ಹಾಕಿದರು. ಕೆಲಸ ಸಿಕ್ಕರೆ ವೀಸಾದ ಕಾಗದವನ್ನೂ ಅವರೇ ಕೊಡುತ್ತಿದ್ದರು.

"ಬಿಡು, ಅಪ್ಲಿಕೇಶನ್ ನಾನು ನೋಡ್ಕೋತೀನಿ" ಎಂದೆ.

ಈ ವಿಷಯದಲ್ಲಿ ನನಗೊಂದು ಖ್ಯಾತಿ ಇತ್ತು. ಡೆಟ್ರಾಯಿಟ್ ಸುತ್ತ ಬಂದಿಳಿದ ಕನ್ನಡಿಗರ ಬಯೋಡೇಟಾ ಎಲ್ಲ ಟೈಪ್ ಮಾಡುತ್ತಿದ್ದವನು ನಾನೇ. ಕೆಲಸ ಹೋದವರು, ಕೆಲಸ ಬದಲಿಸುವವರು, ಭಾನುವಾರ ಬೆಳಗ್ಗೆ ನಮ್ಮ ಅಡುಗೆಮನೆಯ ಟೇಬಲಿನ ಮುಂದೆ ಕ್ಯೂ ನಿಲ್ಲುತ್ತಿದ್ದರು. ನನ್ನ ನಿಯಮ ಒಂದೇ. ಡಿಗ್ರಿಗಿಂತ ಕೆಳಗಿನದು ಯಾವುದೂ ಹಾಳೆಯ ಮೇಲೆ ಬರಕೂಡದು. ಹಿಂದಿ ಮಧ್ಯಮ ತೆಗಿ, ಟೈಪಿಂಗ್ ಲೋಯರ್ ತೆಗಿ, ಎನ್‌ಸಿಸಿ ತೆಗಿ. ಸೆಕೆಂಡ್ ಕ್ಲಾಸೇ, ಕ್ಲಾಸನ್ನೇ ತೆಗಿ. ಹೀಗೆ ತೆಗೆದು ತೆಗೆದು ಎಷ್ಟೋ ಮಂದಿಗೆ ಕೆಲಸ ಸಿಕ್ಕಿತ್ತು.

ನಾರ್ಮನ್ ಒಂದು ಬಿಸ್ಕತ್ತಿನ ಡಬ್ಬಿ ತಂದ. ಅದರಲ್ಲಿ ಕ್ಲಬ್ಬುಗಳ ಕಾಗದಗಳು, ಒಂದು ಬಟ್ಟೆಯ ಬ್ಯಾಡ್ಜು, ಅದರ ಜೊತೆಗೆ ಒಂದು ಚಿಕ್ಕ ಸರ್ಟಿಫಿಕೇಟು. ಎರಡು ಬೇಸಿಗೆ, ಎರಡೆರಡು ವಾರ ಕ್ಯಾಂಪಿಗೆ ಹೋಗಿ, ಪರೀಕ್ಷೆ ಬರೆದು ತೆಗೆದುಕೊಂಡ ಕೋಚಿಂಗ್ ಬ್ಯಾಡ್ಜು ಎಂದ. ಬಟ್ಟೆಯ ಬ್ಯಾಡ್ಜನ್ನು ನೋಡಿದ್ದೇ ನನಗೆ ನೆನಪಾದದ್ದು ನಮ್ಮ ಟ್ರಂಕಿನ ಸ್ಕೌಟು ಸರ್ಟಿಫಿಕೇಟು. ಎರಡು ವಾರದ ಬೇಸಿಗೆ ಕೋರ್ಸು, ಅದನ್ನು ಕಾಲೇಜಿನವರ ಮುಂದೆ ಇಡುವುದೇ, ನಗುತ್ತಾರೆ ಎಂದುಕೊಂಡೆ. ತೆಗೆದೆ. ಕ್ಲಬ್ಬುಗಳ ಹೆಸರು ಹಾಕಿದರೆ ಯಾವ ಡಿವಿಷನ್ ಎಂದು ಕೇಳುತ್ತಾರೆ. ಅವನ್ನೂ ತೆಗೆದೆ. 'ಇಂಗ್ಲೆಂಡಿನಲ್ಲಿ ದೀರ್ಘಕಾಲ ವೃತ್ತಿಪರ ಆಟಗಾರ' ಎಂದು ಒಂದು ಗಂಭೀರವಾದ ಸಾಲು ಹಾಕಿ, ಅವನು ಯಾವಾಗಲೋ ಅಂಚೆಯ ಮೂಲಕ ಪಾಸು ಮಾಡಿದ್ದ ಭೂಗೋಳದ ಒಂದು ಪರೀಕ್ಷೆಯನ್ನು ದಪ್ಪಕ್ಷರದಲ್ಲಿ ಮೇಲೆ ಕೂರಿಸಿದೆ.

ನಾರ್ಮನ್ ಹಾಳೆಯನ್ನು ಎರಡು ಸಲ ಓದಿದ. "ನನ್ನ ಕ್ಲಬ್ಬುಗಳು ಎಲ್ಲಿ ಸೀನ್?"

"ಬೇಡ. ನನ್ನ ನಂಬು. ಇಂಥಾವು ಎಷ್ಟು ಮಾಡಿದೀನಿ ನಾನು" ಎಂದೆ.

ಅವನು ನಂಬಿ ಸಹಿ ಹಾಕಿದ. ನೆನೆಸಿಕೊಂಡರೆ ಇವತ್ತಿಗೂ ರಕ್ತ ಕುದಿಯುವುದು ಅವನು ಹಾಗೆ ಸಹಿ ಹಾಕಿದ್ದಕ್ಕೆ.

ಮೂರು ವಾರಕ್ಕೆ ಉತ್ತರ ಬಂತು. ನಾರ್ಮನ್ ಅದನ್ನು ತಂದು ಅಡುಗೆಮನೆಯ ಟೇಬಲಿನ ಮೇಲಿಟ್ಟು ನಿಂತೇ ಇದ್ದ. ಮಾನ್ಯತೆ ಇರುವ ಕೋಚಿಂಗ್ ಅರ್ಹತೆ ಯಾವುದೂ ಕಾಣುತ್ತಿಲ್ಲ, ಆಡಿದ ಒಂದು ತಂಡದ ಹೆಸರೂ ಇಲ್ಲದ ಕಾರಣ ಅನುಭವವನ್ನು ಪರಿಶೀಲಿಸಲು ಸಾಧ್ಯವಾಗಿಲ್ಲ, ಮುಂದಿನ ಸೋಮವಾರ ಇಂಟರ್‌ವ್ಯೂಗೆ ಬರುವವರ ಪಟ್ಟಿಯಲ್ಲಿ ನಿಮ್ಮ ಹೆಸರಿಲ್ಲ, ಕ್ಷಮಿಸಿ. ನಾನು ಕಾಲೇಜಿನವರನ್ನು ಬೈಯಲು ಬಾಯಿ ತೆರೆದೆ.

"ಅವರನ್ನ ಬೈಬೇಡ" ಎಂದ ನಾರ್ಮನ್. ಅವನ ದನಿ ಏರಿರಲಿಲ್ಲ, ಮುಖ ಮಾತ್ರ ಕೆಂಪಗಾಗಿತ್ತು. "ಅವರು ಕೇಳಿದ್ದು ಅದೇ ಬ್ಯಾಡ್ಜು. ನೀನು ಅದನ್ನ ತೆಗೆದೆ. ಮ್ಯಾನೇಜರುಗಳು ಮಾಡಿದ್ದನ್ನೇ ನೀನೂ ಮಾಡಿದೆ. ನಾನು ಕಾಗದ ಓದಿ ತಿಳ್ಕೋಬೇಕಾಯ್ತು."

"ನಿನ್ನ ಒಳ್ಳೇದಕ್ಕೇ ಮಾಡ್ದೆ ನಾರ್ಮನ್. ನಾಲ್ಕನೇ ಡಿವಿಷನ್ ಅಂದ್ರೆ ಏನಂದ್ಕೋತಾರೋ ಅಂತ..."

"ನಾಲ್ಕನೇ ಡಿವಿಷನ್‌ನಲ್ಲಿ ಆಡೋದಕ್ಕೆ ನಂಗೆ ಯಾವತ್ತೂ ನಾಚಿಕೆ ಆಗ್ಲಿಲ್ಲ. ನಾಚಿಕೆ ಆಗಿದ್ದು ನಿಂಗೆ."

ಪದ್ಮ ಒಲೆಯ ಹತ್ತಿರ ನಿಂತಿದ್ದಳು. ಒಲೆ ಆರಿಸಿದಳು. ನಾರ್ಮನ್ ಕುರ್ಚಿ ಎಳೆದು ಕೂತು, ಈಗ ತಾನು ಹೋಗಿ ಹೇಳಿದರೆ ಹೊಸದಾಗಿ ಕಟ್ಟಿದ ಕತೆ ಎನ್ನುತ್ತಾರೆ, ತೆಗೆದವನು ನೀನು, ನೀನೇ ಒಂದು ಕಾಗದ ಬರೆದು ಹೇಳು, ಸೋಮವಾರದೊಳಗೆ ತಲುಪಲಿ ಎಂದ. ಆಗಲಿ ಎಂದೆ.

ಅವತ್ತು ಮಂಗಳವಾರ. ಬರೆಯಬೇಕಾಗಿದ್ದದ್ದು ಎರಡು ಸಾಲು. ಇವನಿಗೆ ಬ್ಯಾಡ್ಜು ಇದೆ, ನಾನು ತೆಗೆದೆ. ನಾನು ಕೂತು ಬರೆದದ್ದು, 'ಟೈಪಿಸ್ಟರ ಕಣ್ತಪ್ಪಿನಿಂದ ಬಿಟ್ಟುಹೋಗಿದ್ದು' ಎಂದು. ಓದಿದೆ, ಹರಿದೆ. 'ಕಾರಣಾಂತರಗಳಿಂದ ಸೇರಿರುವುದಿಲ್ಲ' ಎಂದು ಬರೆದೆ. ಅದನ್ನೂ ಹರಿದೆ. ನನ್ನ ಗ್ರೀನ್ ಕಾರ್ಡಿನ ಅರ್ಜಿ ಆಗ ಇನ್ನೂ ಕಚೇರಿಯಲ್ಲಿ ಕೂತಿತ್ತು. ಬೇರೊಬ್ಬನ ಅರ್ಜಿಯಲ್ಲಿ ಕೈಯಾಡಿಸಿದೆ ಎಂದು ಸಹಿ ಹಾಕಿದ ಕಾಗದ ಎಲ್ಲಿಂದ ಎಲ್ಲಿಗೆ ಹೋಗಿ ನನ್ನ ಕುತ್ತಿಗೆಗೆ ಬರುತ್ತದೋ ಎಂಬ ಭಯ. ಭಯಕ್ಕಿಂತ ಹೆಚ್ಚಾಗಿ, ಗುರುತಿಲ್ಲದ ಒಬ್ಬ ಅಧಿಕಾರಿಯ ಮುಂದೆ ದಡ್ಡನಾಗಿ ಕಾಣುವುದು ನನಗೆ ಬೇಕಿರಲಿಲ್ಲ. "ಒಂದು ಫೋನ್ ಆದ್ರೂ ಮಾಡ್ರೀ" ಎಂದಳು ಪದ್ಮ ಬುಧವಾರ. ಗುರುವಾರವೂ ಹೇಳಿದಳು. ಶುಕ್ರವಾರ ಹೇಳಲಿಲ್ಲ. ಶನಿವಾರ ಮಧ್ಯಾಹ್ನ ಕಾಗದವನ್ನು ಪೋಸ್ಟ್ ಡಬ್ಬಿಗೆ ಹಾಕಿದೆ. ಅದರಲ್ಲಿ ತೆಗೆದವನು ಯಾರೆಂದು ಕೊನೆಗೂ ಇರಲಿಲ್ಲ.

ಮರುವಾರದ ಬುಧವಾರ ನಾನಾಗಿಯೇ ಕಾಲೇಜಿಗೆ ಫೋನ್ ಮಾಡಿದೆ. ಮಾತಾಡಿದ ಮನುಷ್ಯ ಸಭ್ಯಸ್ಥ. ಕಾಗದ ನೆನ್ನೆ ಬಂತು, ಕೆಲಸ ಮೊನ್ನೆಯೇ ಬೇರೆಯವರಿಗೆ ಕೊಟ್ಟಾಯಿತು ಎಂದ. ಆ ಬ್ಯಾಡ್ಜು ಇರುವವರು ಇಡೀ ರಾಜ್ಯದಲ್ಲಿ ಸಿಗುವುದು ಕಷ್ಟ, ಅಷ್ಟು ವರ್ಷ ಆಡಿದವನು ಒಂದು ಕ್ಲಬ್ಬಿನ ಹೆಸರೂ ಹಾಕದೆ ಇದ್ದದ್ದು ನೋಡಿ ಸುಳ್ಳುಗಾರ ಇರಬೇಕು ಎಂದುಕೊಂಡೆವು ಎಂದ. ಅವನ ಮೇಲೆ ಕೂಗಾಡಬೇಕೆನಿಸಿತು. ಏನೆಂದು ಕೂಗಾಡಲಿ? ಫೋನಿಟ್ಟು, ಅಡುಗೆಮನೆಯಲ್ಲಿ ನಿಂತು, ನಮ್ಮ ತಂದೆಯನ್ನು ಬೈದೆ, ಟ್ರಂಕನ್ನು ಬೈದೆ, ರ‍್ಯಾಂಕು ಕೇಳುತ್ತ ಹುಟ್ಟಿ ರ‍್ಯಾಂಕು ಕೇಳುತ್ತ ಸಾಯುವ ನಮ್ಮ ಇಡೀ ಕುಲವನ್ನು ಬೈದೆ. "ಅವ್ರ್ಯಾರೂ ಟೈಪ್ ಮಾಡ್ಲಿಲ್ಲ" ಎಂದಳು ಪದ್ಮ. ಷಿಕಾಗೋದಿಂದ ಬರುವ ಹೆದ್ದಾರಿ ಐ-ತೊಂಬತ್ತನಾಲ್ಕರ ಮೇಲೆ ಅಷ್ಟು ಹಿತವಾಗಿದ್ದ ಸಿಟ್ಟು, ಆವತ್ತು ಒಳಗೆ ತಿರುಗಿ ಕೂತದ್ದು, ಮತ್ತೆ ಎದ್ದು ಹೋಗಿಲ್ಲ.

ಹೊರಡುವ ಹಿಂದಿನ ದಿನ ನಾರ್ಮನ್ ಬಂದ. ಊರಿನ ಹತ್ತಿರದ ಒಂದು ಕ್ಲಬ್ಬಿನವರು, ನಾಲ್ಕನೇ ಡಿವಿಷನ್ನಿನವರೇ, ಹೊಸ ಹುಡುಗರನ್ನು ತಯಾರು ಮಾಡುವವನೊಬ್ಬನನ್ನು ಹುಡುಕುತ್ತಿದ್ದಾರಂತೆ.

"ನಂಗೆ ಟೈಪಿಂಗ್ ಬರಲ್ಲ. ನಾನು ಹೇಳ್ತೀನಿ, ನೀನು ಹೊಡಿ. ಬೇರೇನೂ ಮಾಡಬೇಡ" ಎಂದ.

ನಾನು ಹಾಳೆ ಸಿಕ್ಕಿಸಿದೆ. ಅವನು ಕಿಟಕಿಯ ಕಡೆ ನೋಡುತ್ತ ಹೇಳತೊಡಗಿದ. ಮೊದಲು ಬ್ಯಾಡ್ಜು. ಆಮೇಲೆ ಕ್ಲಬ್ಬುಗಳು, ಒಂದೊಂದಾಗಿ, ಯಾವ ವರ್ಷ ಎಷ್ಟನೆಯ ಸ್ಥಾನ. ಕೊನೆಯಿಂದ ಮೂರನೆಯದು. ಕೊನೆಯಿಂದ ಎರಡನೆಯದು, ಓಟು ಕೇಳಿ ಉಳಿದುಕೊಂಡೆವು. ಕಟ್ಟಕಡೆಯದು. ಅಲ್ಲಿ ನನ್ನ ಬೆರಳು ಕೀಲಿಯ ಮೇಲೆ ತಾನಾಗಿ ನಿಂತಿತು. "ಹೊಡಿ" ಎಂದ. ಹೊಡೆದೆ. ಒಂದು ಸಲ ಕೊನೆಯ ನಿಮಿಷದಲ್ಲಿ ಚೆಂಡನ್ನು ನಮ್ಮ ಗೋಲಿಗೇ ಹೊಡೆದು ಸೋಲಿಸಿದ್ದೇನೆ, ಆ ಊರಿನವರಿಗೆ ಅದು ನೆನಪಿರುತ್ತದೆ, ಅದನ್ನೂ ಹಾಕು ಎಂದ. ಹಾಕಿದೆ. ಕೊನೆಯ ಸಾಲು ಇವತ್ತಿಗೂ ನನಗೆ ಬಾಯಿಪಾಠ. 'ಬಲ ಮೊಣಕಾಲು ಹೋಗಿದೆ. ಇನ್ನು ಆಡಲಾರೆ. ಕಲಿಸಬಲ್ಲೆ.' ಹಾಳೆ ತೆಗೆದುಕೊಂಡು, ಒಂದೊಂದು ಸಾಲನ್ನೂ ಬೆರಳಿಟ್ಟು ಪರೀಕ್ಷಿಸಿ, ನನ್ನ ಪೆನ್ನು ಬಿಟ್ಟು ತನ್ನ ಪೆನ್ನಿನಲ್ಲಿ ಸಹಿ ಹಾಕಿದ.

ಕೆಲಸ ಸಿಕ್ಕಿತು. ಅಲ್ಲಿನ ಸಂಬಳಕ್ಕೂ ಇಲ್ಲಿಯದಕ್ಕೂ ಹೋಲಿಕೆಯಿಲ್ಲ, ಅವನು ಬಯಸಿದ್ದ ದೇಶವೂ ಅದಲ್ಲ. ಅದನ್ನೆಲ್ಲ ಹೇಳಿ ಯಾರಾದರೂ ನನ್ನನ್ನು ಸಮಾಧಾನ ಮಾಡಲು ಬಂದರೆ ನಾನು ಜಗಳಕ್ಕೇ ನಿಲ್ಲುತ್ತೇನೆ. ನಾನು ಟೈಪ್ ಮಾಡಿದ ಅರ್ಜಿಗಳ ಪೈಕಿ ಒಂದಕ್ಷರವನ್ನೂ ಮುಚ್ಚಿಡದ ಅರ್ಜಿ ಅದೊಂದೇ, ಅದನ್ನು ನಾನು ಬರೆದದ್ದಲ್ಲ.

ಆ ವರ್ಷದಿಂದ ಪ್ರತಿ ಕ್ರಿಸ್ಮಸ್ಸಿಗೆ ಇಂಗ್ಲೆಂಡಿನಿಂದ ಒಂದು ಕಾರ್ಡು ಬರತೊಡಗಿತು. ಮೇಲೆ ಅವನದೇ ದುಂಡು ಅಕ್ಷರದಲ್ಲಿ ಪದ್ಮಳ ಹೆಸರು, ವೀಣಾಳ ಹೆಸರು. ಎರಡೇ. ಪದ್ಮ ಮೊದಲ ವರ್ಷ ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಮರ್ತಿರ್ತಾರೆ ಬಿಡ್ರೀ" ಎಂದಳು. ಮರೆಯುವವನಲ್ಲ ಅವನು. ಕಂಡಕಂಡವರ ಮೇಲೆಲ್ಲ ಸಿಟ್ಟಾಗುವ ನನಗೆ ಆ ಕಾರ್ಡಿನ ಮೇಲೆ ಮಾತ್ರ ಯಾವ ವರ್ಷವೂ ಸಿಟ್ಟು ಬರಲಿಲ್ಲ.